ಗಂಡಭೇರುಂಡದ ಸ್ಕ್ವಾಡ್ರನ್

ಗಂಡಭೇರುಂಡ ಮೈಸೂರಿನವರ ಕಣ್ಣಿಗೆ ದಿನವೂ ಬೀಳುವ ಹಕ್ಕಿ. ವಿಶ್ವವಿದ್ಯಾನಿಲಯದ ಲಾಂಛನದಲ್ಲಿ, ಸರ್ಕಾರಿ ಆದೇಶದ ನೆತ್ತಿಯ ಮೇಲೆ, ಕೆಎಸ್‌ಆರ್‌ಟಿಸಿ ಬಸ್ಸಿನ ಮೈಮೇಲೆ ಅದು ಇದ್ದೇ ಇರುತ್ತದೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬ್ರಿಟನ್ನಿನ ರಾಯಲ್ ಏರ್‌ಫೋರ್ಸ್ ಕೂಡ ಇದೇ ಎರಡು ತಲೆಯ ಹಕ್ಕಿಯನ್ನು ತನ್ನ ಒಂದು ಯುದ್ಧವಿಮಾನ ದಳಕ್ಕೆ ಲಾಂಛನವಾಗಿ ಕೊಟ್ಟಿತ್ತು. ಆ ದಳದ ಹೆಸರು 129ನೇ ಮೈಸೂರು ಸ್ಕ್ವಾಡ್ರನ್. ಐದು ವರ್ಷ ಬಾಳಿದ ಈ ದಳದ ಕಥೆಯನ್ನು ಬರೀ ರಾಜಭಕ್ತಿಯ ಅಧ್ಯಾಯವಾಗಿ ಓದಿದರೆ ಹೆಚ್ಚೇನೂ ದಕ್ಕುವುದಿಲ್ಲ. ಯುದ್ಧವಿಮಾನಗಳ ಚರಿತ್ರೆಯಲ್ಲಿ ಸಾಮಾನ್ಯವಾಗಿ ತಪ್ಪಾಗಿ ಗ್ರಹಿಸಲಾಗುವ ಒಂದು ಸಂಗತಿಯನ್ನು ತಿಳಿಯಲು ಮಾತ್ರ ಇದಕ್ಕಿಂತ ಒಳ್ಳೆಯ ಉದಾಹರಣೆ ನಮಗೆ ಹತ್ತಿರದಲ್ಲಿ ಸಿಗದು. ಫೈಟರ್, ಬಾಂಬರ್, ಬೆಂಗಾವಲು ವಿಮಾನ, ಗಸ್ತು ವಿಮಾನ ಎಂಬ ವಿಂಗಡಣೆ ಹುಟ್ಟುವಾಗಲೇ ಹಣೆಯಲ್ಲಿ ಬರೆದುಕೊಂಡು ಬಂದದ್ದೆಂದು ನಾವು ಭಾವಿಸುತ್ತೇವೆ. ನಿಜದಲ್ಲಿ ವಿಮಾನದ ಕೆಲಸವನ್ನು ಗೊತ್ತುಮಾಡುವುದು ನಕ್ಷೆ ಬರೆದವನಿಗಿಂತ ಹೆಚ್ಚಾಗಿ ಯುದ್ಧದ ಆ ಹೊತ್ತಿನ ಅಗತ್ಯ, ಟ್ಯಾಂಕಿನಲ್ಲಿ ಹಿಡಿಯುವ ಇಂಧನ ಮತ್ತು ಅದನ್ನು ಬಿಚ್ಚಿ ಜೋಡಿಸುವ ವರ್ಕ್‌ಶಾಪು.

ಮೊದಲು ಹೆಸರಿನ ಹಿನ್ನೆಲೆ. 1940ರಲ್ಲಿ ಬ್ರಿಟನ್ನಿನ ವಿಮಾನೋತ್ಪಾದನಾ ಸಚಿವ ಲಾರ್ಡ್ ಬೀವರ್‌ಬ್ರೂಕ್ ಸ್ಪಿಟ್‌ಫೈರ್ ನಿಧಿಗೆ ಬೆಂಬಲ ಕೊಟ್ಟು ಅದನ್ನು ದೊಡ್ಡ ಚಳವಳಿಯನ್ನಾಗಿ ಬೆಳೆಸಿದ. 5,000 ಪೌಂಡು ಕೊಟ್ಟವರ ಹೆಸರನ್ನು ಒಂದು ವಿಮಾನಕ್ಕೆ ಇಡಲಾಗುತ್ತಿತ್ತು. ನಿಜವಾದ ತಯಾರಿಕಾ ವೆಚ್ಚ ಅದಕ್ಕಿಂತ ಹೆಚ್ಚಿತ್ತು. 5,000 ಎಂಬುದು ಜನ ನೆನಪಿಟ್ಟುಕೊಳ್ಳಲೆಂದು ಇಟ್ಟ ಗುಂಡು ಅಂಕಿ. ಇನ್ನೂ ದೊಡ್ಡ ಕೊಡುಗೆಗೆ ಒಂದು ಇಡೀ ದಳದ ಹೆಸರೇ ಸಿಗುತ್ತಿತ್ತು. ಇದರಲ್ಲಿ ಹೈದರಾಬಾದಿನ ನಿಜಾಮರದು ಹಳೆಯ ಕೈ: 1918ರಲ್ಲೇ ಅವರು ಕೊಟ್ಟ ಡಿಎಚ್-9ಎ ಬಾಂಬರ್‌ಗಳಿಂದ 110ನೇ ದಳಕ್ಕೆ ಹೈದರಾಬಾದ್ ಎಂಬ ಹೆಸರು ಬಂದಿತ್ತು. ಮೊದಲ ಮಹಾಯುದ್ಧದಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಯುದ್ಧನಿಧಿಗೆ 50 ಲಕ್ಷ ರೂಪಾಯಿ ಕೊಟ್ಟಿದ್ದರು. ನಾಲ್ವಡಿಯವರು 1940ರ ಆಗಸ್ಟ್‌ನಲ್ಲಿ ತೀರಿಕೊಂಡು ಜಯಚಾಮರಾಜ ಒಡೆಯರು ಪಟ್ಟಕ್ಕೆ ಬಂದ ಮೇಲೆ, ಎರಡನೆಯ ಯುದ್ಧದಲ್ಲಿ, ಮೈಸೂರಿನ ಹೆಸರು ವಿಮಾನದಳದ ರೂಪ ತಾಳಿತು. 1941ರ ಜೂನ್ 16ರಂದು ಇಂಗ್ಲೆಂಡಿನ ಯಾರ್ಕ್‌ಶೈರಿನ ಲೆಕನ್‌ಫೀಲ್ಡ್ ನೆಲೆಯಲ್ಲಿ 129ನೇ ದಳ ಸ್ಪಿಟ್‌ಫೈರ್‌ಗಳೊಂದಿಗೆ ಮರುಹುಟ್ಟು ಪಡೆಯಿತು.

ಈ ತಾರೀಖನ್ನು ಸ್ವಲ್ಪ ಗಮನಿಸಬೇಕು. ಅದಾದ ಆರನೆಯ ದಿನ, ಜೂನ್ 22ರಂದು, ಹಿಟ್ಲರನ ಸೇನೆ ರಷ್ಯಾದೊಳಗೆ ನುಗ್ಗಿತು. ಲಂಡನ್ನಿನ ಮೇಲಿನ ಹಗಲು ದಾಳಿಯ ಕಾಲ ಆಗಲೇ ಮುಗಿದಿತ್ತು; ಜರ್ಮನ್ ವಾಯುಪಡೆಯ ಬಹುಪಾಲು ಪೂರ್ವಕ್ಕೆ ಹೋಯಿತು. ಅಂದರೆ ಯಾವ ಕೆಲಸಕ್ಕೆಂದು ಸ್ಪಿಟ್‌ಫೈರ್ ಹುಟ್ಟಿತ್ತೋ ಆ ಕೆಲಸವೇ ಮುಗಿದ ಹೊತ್ತಿನಲ್ಲಿ ಮೈಸೂರಿನ ದಳಕ್ಕೆ ಸ್ಪಿಟ್‌ಫೈರ್ ಸಿಕ್ಕಿತು. 1936ರಲ್ಲಿ ಮೊದಲ ಬಾರಿ ಹಾರಿದ ಈ ವಿಮಾನವನ್ನು ಆರ್.ಜೆ. ಮಿಚೆಲ್ ರೂಪಿಸಿದ್ದು ತಾಯ್ನೆಲದ ರಕ್ಷಣೆಗೆ. ಸೈರನ್ ಕೂಗಿದೊಡನೆ ಮೇಲೇರಬೇಕು, ಬಾಂಬರ್‌ಗಳನ್ನು ಹೊಡೆಯಬೇಕು, ಇಳಿದು ಮತ್ತೆ ಇಂಧನ ತುಂಬಿಸಿಕೊಳ್ಳಬೇಕು, ಅಷ್ಟೆ. ಮೊದಲ ಮಾದರಿಗಳ ಟ್ಯಾಂಕಿನಲ್ಲಿ ಹಿಡಿಯುತ್ತಿದ್ದದ್ದು 85 ಗ್ಯಾಲನ್. ಇಂಥ ವಿಮಾನವನ್ನು ಈಗ ಇಂಗ್ಲಿಷ್ ಕಾಲುವೆ ದಾಟಿಸಿ ಫ್ರಾನ್ಸಿನ ಮೇಲೆ ಅಟ್ಟಲಾಯಿತು. ಬೆರಳೆಣಿಕೆಯ ಬಾಂಬರ್‌ಗಳನ್ನು ಎರೆಯಾಗಿ ಮುಂದಿಟ್ಟು, ಜರ್ಮನ್ ಫೈಟರ್‌ಗಳನ್ನು ಮೇಲಕ್ಕೆಳೆದು, ಸುತ್ತುಗಟ್ಟಿದ ಸ್ಪಿಟ್‌ಫೈರ್‌ಗಳಿಂದ ಹೊಡೆಸುವ ತಂತ್ರವದು. ಎದುರಾಳಿ ಮೇಲೇರಲೇಬೇಕೆಂಬ ಒತ್ತಾಯ ಇರಲಿಲ್ಲ. ಅನುಕೂಲವಾದಾಗ ಬರುತ್ತಿದ್ದ, ಇಲ್ಲದಿದ್ದರೆ ಸುಮ್ಮನಿರುತ್ತಿದ್ದ. ಆ ಶರತ್ಕಾಲದಲ್ಲಿ ಅವನ ಕೈಗೆ ಫೋಕ-ವುಲ್ಫ್ 190 ಎಂಬ ಹೊಸ ವಿಮಾನವೂ ಬಂತು. ದಳದವರು ಆಗ ಹಾರಿಸುತ್ತಿದ್ದ ಐದನೆಯ ಮಾದರಿಯ ಸ್ಪಿಟ್‌ಫೈರ್ ಅದರ ಮುಂದೆ ಮಂಕಾಯಿತು. 1942ರ ಆಗಸ್ಟ್ 19ರಂದು ಫ್ರಾನ್ಸಿನ ದಿಯೆಪ್ ಬಂದರಿನ ಮೇಲೆ ನಡೆದ ದಾಳಿಯಲ್ಲಿ ಮೈಸೂರು ಸ್ಕ್ವಾಡ್ರನ್ ಭಾಗವಹಿಸಿತು. ಬ್ರಿಟನ್ನಿನ ಕಡೆ ಆ ಒಂದೇ ದಿನ ಸುಮಾರು ನೂರು ವಿಮಾನ ಬಿದ್ದವು. ಕಾಪಾಡಲು ಕಟ್ಟಿದ ವಿಮಾನವನ್ನು ದಾಳಿಗೆ ಬಳಸಿದ್ದರ ಬೆಲೆಯೂ ಈ ಲೆಕ್ಕದಲ್ಲಿದೆ.

1944ರ ಏಪ್ರಿಲ್‌ನಲ್ಲಿ ದಳಕ್ಕೆ ಮಸ್ಟ್ಯಾಂಗ್ ಬಂತು. ಈ ವಿಮಾನದ ಜಾತಕವೇ ನನ್ನ ವಾದಕ್ಕೆ ಸಾಕ್ಷಿ. 1940ರಲ್ಲಿ ಬ್ರಿಟಿಷರ ಬೇಡಿಕೆಯ ಮೇಲೆ ಅಮೆರಿಕದಲ್ಲಿ ಹುಟ್ಟಿದಾಗ ಇದರಲ್ಲಿದ್ದದ್ದು ಆಲಿಸನ್ ಎಂಜಿನ್. ಎತ್ತರಕ್ಕೆ ಹೋದಂತೆ ಅದರ ಉಸಿರು ಕಟ್ಟುತ್ತಿತ್ತು. ಹೀಗಾಗಿ ಇದನ್ನು ತಗ್ಗಿನಲ್ಲಿ ಹಾರಿ ಫೋಟೊ ತೆಗೆಯುವ, ರೈಲು-ಲಾರಿಗಳ ಮೇಲೆ ಗುಂಡು ಹಾರಿಸುವ ಕೆಲಸಕ್ಕೆ ಹಚ್ಚಿದ್ದರು. 1942ರಲ್ಲಿ ಅದೇ ಮೈಗೆ ಮರ್ಲಿನ್ ಎಂಜಿನ್ ಕೂರಿಸಿದರು. ಸ್ಪಿಟ್‌ಫೈರ್ ಒಳಗಿದ್ದದ್ದೂ ಇದೇ ಮನೆತನದ ಎಂಜಿನ್ನು. ಎಂಜಿನ್ ಒಂದೇ ಆದರೂ ಮಸ್ಟ್ಯಾಂಗಿನ ರೆಕ್ಕೆ ಗಾಳಿಯನ್ನು ಹೆಚ್ಚು ಸಲೀಸಾಗಿ ಸೀಳುತ್ತಿತ್ತು, ಹೊಟ್ಟೆಯಲ್ಲಿ ಇಂಧನ ಹೆಚ್ಚು ಹಿಡಿಯುತ್ತಿತ್ತು, ರೆಕ್ಕೆಯಡಿ ನೇತುಹಾಕುವ ಟ್ಯಾಂಕುಗಳೂ ಇದ್ದವು. ತಗ್ಗಿನ ಕೆಲಸದ ವಿಮಾನ ಬರ್ಲಿನ್ನಿನವರೆಗೆ ಬಾಂಬರ್‌ಗಳ ಜೊತೆ ಹೋಗಿ ಬರುವ ಬೆಂಗಾವಲಾಯಿತು. ಆದರೆ 129ನೇ ದಳ ಆ ಕೆಲಸದಲ್ಲೂ ಬಹಳ ದಿನ ನೆಲೆ ನಿಲ್ಲಲಿಲ್ಲ. ಜೂನ್ 13ರಿಂದ ಲಂಡನ್ನಿನ ಮೇಲೆ ವಿ-1 ಹಾರುಬಾಂಬುಗಳು ಬೀಳತೊಡಗಿದವು. ಗಂಟೆಗೆ ಸುಮಾರು 640 ಕಿಲೋಮೀಟರ್ ವೇಗದಲ್ಲಿ ಬರುವ, ಒಳಗೆ ಪೈಲಟ್ ಇಲ್ಲದ ಆ ಬಾಂಬನ್ನು ಬೆನ್ನಟ್ಟಿ ಹಿಡಿಯಬಲ್ಲ ವಿಮಾನಗಳು ಕೆಲವೇ ಇದ್ದವು. ಕೆಂಟಿನ ಬ್ರೆನ್ಜೆಟ್ ಎಂಬಲ್ಲಿಗೆ ಬಂದ ಮೈಸೂರು ಸ್ಕ್ವಾಡ್ರನ್, ಎರಡು ಪೋಲಿಷ್ ದಳಗಳ ಪಕ್ಕದಲ್ಲಿ ನಿಂತು, ಆ ಬೇಸಿಗೆಯೆಲ್ಲ ಇದೇ ಬೇಟೆಯಲ್ಲಿ ಕಳೆಯಿತು. ತೀರ ಹತ್ತಿರದಿಂದ ಹೊಡೆದರೆ ಬಾಂಬಿನ ಸ್ಫೋಟ ಹೊಡೆದವನನ್ನೂ ನುಂಗುತ್ತಿತ್ತು. ದೂರದಿಂದ ಹೊಡೆದರೆ ಗುರಿ ತಪ್ಪುತ್ತಿತ್ತು. ಬೇರೆಯವರ ನೆಲದ ಮೇಲೆ ದೂರ ಹೋಗಲೆಂದು ತಂದ ವಿಮಾನ, ಸ್ಪಿಟ್‌ಫೈರ್ ಹುಟ್ಟಿದ್ದ ತಾಯ್ನೆಲ ರಕ್ಷಣೆಯ ಕೆಲಸವನ್ನು ಹೀಗೆ ಹೊತ್ತುಕೊಂಡಿತು. ಬಳಿಕ ದಳ ಮತ್ತೆ ಬಾಂಬರ್‌ಗಳ ಬೆಂಗಾವಲಿಗೆ ಮರಳಿತು. 1945ರಲ್ಲಿ ಶರಣಾದ ಜರ್ಮನ್ನರ ಮೇಲೆ ನಿಗಾ ಇಡುವ ಕಾಲದಲ್ಲಿ ಅದು ನಾರ್ವೆಯಲ್ಲಿತ್ತು. 1946ರ ಸೆಪ್ಟೆಂಬರ್ 1ರಂದು ಅದಕ್ಕೆ 257 ಎಂಬ ಸಂಖ್ಯೆ ಕೊಟ್ಟು ಮೈಸೂರಿನ ಹೆಸರನ್ನು ಕೈಬಿಟ್ಟರು.

ಇಲ್ಲಿ ಒಂದು ಆಕ್ಷೇಪ ಬರಬಹುದು. ಸ್ಪಿಟ್‌ಫೈರ್ ಎಷ್ಟೇ ಅಗತ್ಯ ಬಿದ್ದರೂ ಬರ್ಲಿನ್ನಿಗೆ ಹೋಗಿಬರಲಾರದಿತ್ತಲ್ಲ, ಹಾಗಾದರೆ ನಕ್ಷೆಯೇ ಕೊನೆಯ ಮಾತಲ್ಲವೇ? ಅರ್ಧ ನಿಜ. ನಕ್ಷೆ ಬೇಲಿ ಹಾಕುತ್ತದೆ. ಬೇಲಿಯೊಳಗೆ ಏನು ಬೆಳೆಯಬೇಕೆಂದು ಹೇಳುವುದು ಬೇರೆಯೇ ಶಕ್ತಿ. ಮಸ್ಟ್ಯಾಂಗಿನ ವಿಷಯದಲ್ಲಂತೂ ಬೇಲಿಯನ್ನೇ ಕಿತ್ತು ಹಿಂದಕ್ಕೆ ನೆಟ್ಟರು. ಎಂಜಿನ್ ಬದಲಿಸಲು ಧೈರ್ಯ ಮಾಡಿದವರು ಅದನ್ನು ಬೇರೆಯೇ ವಿಮಾನವನ್ನಾಗಿ ಮಾಡಿದರು. ಒಳ್ಳೆಯ ವಿನ್ಯಾಸಕಾರನನ್ನು ನಾವು ಹೊಗಳುವುದು ಸರಿ. ಆದರೆ ಎಂಜಿನ್ ಬದಲಿಸಿದ ಮೆಕ್ಯಾನಿಕ್ಕುಗಳ ಹೆಸರು ಯಾವ ಪುಸ್ತಕದ ಮುಖಪುಟಕ್ಕೂ ಬರುವುದಿಲ್ಲ.

ಮೆಕ್ಯಾನಿಕ್ಕುಗಳ ಮಾತು ಬಂದರೆ ಮೈಸೂರು ಸಂಸ್ಥಾನ ವಿಮಾನಕ್ಕೆಂದು ಹಾಕಿದ ಇನ್ನೊಂದು ದುಡ್ಡಿನ ಕಡೆ ತಿರುಗಬೇಕು. ಮುಂಬಯಿಯ ಉದ್ಯಮಿ ವಾಲ್‌ಚಂದ್ ಹೀರಾಚಂದ್ ವಿಮಾನ ಕಾರ್ಖಾನೆ ಕಟ್ಟಲು ಹೊರಟಾಗ ಅಮೆರಿಕದ ವಿಲಿಯಂ ಪಾಲಿ ಜೊತೆಗಿದ್ದ. ಜಾಗ ಮತ್ತು ಬಂಡವಾಳ ಬೇಕಿತ್ತು. ದಿವಾನ್ ಮಿರ್ಜಾ ಇಸ್ಮಾಯಿಲ್ ಎರಡನ್ನೂ ಕೊಟ್ಟರು: 25 ಲಕ್ಷ ರೂಪಾಯಿಯ ಷೇರು, ಬೆಂಗಳೂರಿನಲ್ಲಿ 700 ಎಕರೆ ಜಮೀನು. 1940ರ ಡಿಸೆಂಬರ್ 23ರಂದು ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಂಪನಿ (ಇಂದಿನ ಎಚ್‌ಎಎಲ್) ನೋಂದಣಿಯಾಯಿತು. ಹಾರ್ಲೋ ತರಬೇತಿ ವಿಮಾನ 1941ರ ಆಗಸ್ಟ್‌ನಲ್ಲಿ, ಕರ್ಟಿಸ್ ಹಾಕ್ ಫೈಟರ್ 1942ರ ಜುಲೈನಲ್ಲಿ ಪರೀಕ್ಷಾ ಹಾರಾಟಕ್ಕೆ ಸಿದ್ಧವಾದವು. ಅಷ್ಟರಲ್ಲಿ ಜಪಾನ್ ಬರ್ಮಾವನ್ನು ಹಿಡಿದಿತ್ತು. ಭಾರತ ಸರ್ಕಾರ ವಾಲ್‌ಚಂದರ ಪಾಲನ್ನು ಕೊಂಡು ಕಾರ್ಖಾನೆಯನ್ನು ವಶಕ್ಕೆ ತೆಗೆದುಕೊಂಡಿತು. ಮೈಸೂರು ಷೇರುದಾರನಾಗಿ ಉಳಿದು ಆಡಳಿತದಿಂದ ಹಿಂದೆ ಸರಿಯಿತು. 1943ರಲ್ಲಿ ಅಮೆರಿಕದ ವಾಯುಪಡೆ ಬಂದು ಕೂತಿತು. ಹೊಸ ವಿಮಾನ ಕಟ್ಟುವ ಕನಸು ಬದಿಗೆ ಸರಿದು, ಕಾರ್ಖಾನೆಯ ಕೆಲಸವೇ ಬದಲಾಯಿತು. ಅಲ್ಲಿಗೆ ಬರುತ್ತಿದ್ದದ್ದು ಸವೆದ ಎಂಜಿನ್ನುಗಳು, ಗುಂಡು ತಿಂದ ರೆಕ್ಕೆಗಳು, ಸರಕು ಸಾಗಿಸಿ ಸುಸ್ತಾದ ಡಕೋಟಾಗಳು, ಮಿಚೆಲ್ ಎಂಬ ಹೆಸರಿನ ಅಮೆರಿಕದ ಬಾಂಬರ್‌ಗಳು. ಕ್ಯಾಟಲೀನಾ ಎಂಬ ನೀರಿನ ಮೇಲಿಳಿಯುವ ವಿಮಾನಗಳು ಬೆಳ್ಳಂದೂರು ಕೆರೆಯಲ್ಲಿ ಇಳಿದು ರಿಪೇರಿಗೆ ಬರುತ್ತಿದ್ದವು. ಇಂದು ನೊರೆಗೆ ಹೆಸರಾದ ಅದೇ ಕೆರೆ.

ಈ ರಿಪೇರಿ ಕೆಲಸ ವಿಮಾನದ ಪಾತ್ರವನ್ನು ಹೇಗೆ ಬದಲಿಸಬಲ್ಲದೆಂಬುದಕ್ಕೆ ಲಿಬರೇಟರ್‌ಗಿಂತ ದೊಡ್ಡ ಸಾಕ್ಷಿ ಬೇಕಿಲ್ಲ. ನಾಲ್ಕು ಎಂಜಿನ್ನಿನ ಈ ಭಾರಿ ಬಾಂಬರ್‌ಗಳನ್ನು ಬ್ರಿಟಿಷರು ಹೋಗುವಾಗ ಕಾನ್ಪುರದಲ್ಲಿ ಬಿಟ್ಟುಹೋದರು, ಅದೂ ಮತ್ತೆ ಯಾರೂ ಬಳಸಬಾರದೆಂದು ಹಾಳುಗೆಡವಿ. ಎಚ್‌ಎಎಲ್‌ನವರು ಆ ರಾಶಿಯಲ್ಲಿ ಹುಡುಕಿ, ಒಂದರ ಭಾಗ ಇನ್ನೊಂದಕ್ಕೆ ಹಾಕಿ, ಹಾರುವಷ್ಟು ಮಾಡಿಕೊಂಡು ಒಂದೊಂದಾಗಿ ಬೆಂಗಳೂರಿಗೆ ಹಾರಿಸಿ ತಂದರು. ಟೆಸ್ಟ್ ಪೈಲಟ್ ಜಮ್ಷೆಡ್ ಮುನ್ಷಿ ಈ ಸಾಹಸದ ಮುಂದಾಳು. 40ಕ್ಕೂ ಹೆಚ್ಚು ವಿಮಾನಗಳು ಹೀಗೆ ಮರುಜೀವ ಪಡೆದವು. 1948ರ ನವೆಂಬರ್‌ನಲ್ಲಿ ಭಾರತೀಯ ವಾಯುಪಡೆಯ 5ನೇ ದಳ ಇವುಗಳಿಂದಲೇ ಹುಟ್ಟಿತು. ಮುಂದೆ ಇವೇ ಬಾಂಬರ್‌ಗಳು 6ನೇ ದಳದಲ್ಲಿ ಸಮುದ್ರದ ಮೇಲೆ ಗಸ್ತು ತಿರುಗುವ ಕೆಲಸ ಹಿಡಿದು 1968ರವರೆಗೆ ಹಾರಿದವು. ಅಮೆರಿಕ, ಬ್ರಿಟನ್ನುಗಳಲ್ಲಿ ಲಿಬರೇಟರ್ ಗುಜರಿಗೆ ಹೋಗಿ ಎಷ್ಟೋ ವರ್ಷವಾಗಿತ್ತು. ಬ್ರಿಟನ್ನಿನ ರಾಯಲ್ ಏರ್‌ಫೋರ್ಸ್ ಮ್ಯೂಸಿಯಂಗೆ ಒಂದು ಲಿಬರೇಟರ್ ಬೇಕಾದಾಗ, 1974ರಲ್ಲಿ, ಅದು ಭಾರತದಿಂದಲೇ ಹೋಗಬೇಕಾಯಿತು. ಹಾಳುಗೆಡವಿದವರಿಗೇ ದುರಸ್ತಿ ಮಾಡಿ ಕೊಟ್ಟಂತಾಯಿತು!

ಇನ್ನೊಂದು ಆಕ್ಷೇಪ ಇದಕ್ಕಿಂತ ಗಂಭೀರವಾದದ್ದು. 129ನೇ ದಳ ಮೈಸೂರಿನವರ ದಳವಾಗಿರಲಿಲ್ಲ. ಕಾಣಿಕೆ ಕೊಟ್ಟ ಊರಿನವರನ್ನು ಪೈಲಟ್ ಮಾಡಿಕೊಳ್ಳುವುದು ಇಂಥ ಹೆಸರಿನ ದಳಗಳ ಪದ್ಧತಿಯಲ್ಲ. ಆ ಹೆಸರನ್ನು ತಂದುಕೊಟ್ಟದ್ದು ಅಂತಿಮವಾಗಿ ಸಂಸ್ಥಾನದ ರೈತನ ಬೆವರು. 1942ರಲ್ಲಿ ಗಂಡಭೇರುಂಡದ ದಳ ದಿಯೆಪ್ಪಿನ ಮೇಲೆ ಹಾರುತ್ತಿದ್ದಾಗ ಇದೇ ಸಂಸ್ಥಾನದಲ್ಲಿ ಚಲೇಜಾವ್ ಚಳವಳಿ ಹೊತ್ತಿ ಉರಿಯುತ್ತಿತ್ತು; ಶಿಕಾರಿಪುರದ ಈಸೂರು ತನ್ನನ್ನು ಸ್ವತಂತ್ರವೆಂದು ಘೋಷಿಸಿಕೊಂಡು, 1943ರಲ್ಲಿ ಅಲ್ಲಿನ ಐವರನ್ನು ಗಲ್ಲಿಗೇರಿಸಲಾಯಿತು. ಇಂಥ ದಳವನ್ನು ಮೈಸೂರು ಹೆಮ್ಮೆಯಿಂದ ನೆನೆಯಬೇಕೇ? ಹೆಮ್ಮೆ ಬೇಕಿಲ್ಲ ಎಂದೇ ನನ್ನ ಅಭಿಪ್ರಾಯ. ತಿಳಿವಳಿಕೆ ಬೇಕು. ಸಂಸ್ಥಾನದ ಎರಡು ಹೂಡಿಕೆಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ, ಹೆಸರಿಗೆಂದು ಕೊಟ್ಟದ್ದು ಐದು ವರ್ಷದಲ್ಲಿ ಮುಗಿಯಿತು, ಕಾರ್ಖಾನೆಗೆ ಹಾಕಿದ್ದು ಇಂದಿಗೂ ಕೆಲಸ ಮಾಡುತ್ತಿದೆ. ಎರಡೂ ಒಂದೇ ಯುದ್ಧದ ಒತ್ತಡದಲ್ಲಿ, ಒಂದೇ ಖಜಾನೆಯಿಂದ ಹೊರಟವು ಎಂಬುದು ಸುಳ್ಳಲ್ಲ. ಆದರೆ ಕಾರ್ಖಾನೆಯಲ್ಲಿ ಕೈ ಪಳಗಿಸಿಕೊಂಡವರು ನಮ್ಮವರು, ಮತ್ತು ಆ ಕೈಚಳಕವನ್ನು ಹಡಗಿನಲ್ಲಿ ತುಂಬಿಕೊಂಡು ಹೋಗಲು ಬ್ರಿಟಿಷರಿಗೆ ಆಗಲಿಲ್ಲ.

ಈ ಎರಡು ದಾರಿಗಳು ಕೊನೆಗೊಮ್ಮೆ ಒಂದು ವಿಚಿತ್ರ ಜಾಗದಲ್ಲಿ ಕೂಡಿದವು. ಮೈಸೂರು ಸ್ಕ್ವಾಡ್ರನ್ನನ್ನು ಫ್ರಾನ್ಸಿನ ಮೇಲೆ ಕಾಡಿದ ಫೋಕ-ವುಲ್ಫ್ 190ನ್ನು ರೂಪಿಸಿದ್ದ ಕುರ್ಟ್ ಟ್ಯಾಂಕ್ 1956ರಲ್ಲಿ ಬೆಂಗಳೂರಿಗೆ ಬಂದು, ಮೈಸೂರಿನ ದುಡ್ಡಿನಿಂದ ಹುಟ್ಟಿದ ಅದೇ ಕಾರ್ಖಾನೆಯಲ್ಲಿ ಭಾರತದ ಮೊದಲ ಜೆಟ್ ಫೈಟರನ್ನು ವಿನ್ಯಾಸ ಮಾಡಿದರು. ಎಚ್‌ಎಫ್-24 ಮರುತ್ 1961ರ ಜೂನ್ 17ರಂದು ಮೊದಲು ಹಾರಿತು. ಶಬ್ದದ ಎರಡರಷ್ಟು ವೇಗದಲ್ಲಿ ಏರಿ ಶತ್ರು ವಿಮಾನವನ್ನು ತಡೆಯುವುದು ಅದಕ್ಕೆ ಗೊತ್ತುಪಡಿಸಿದ್ದ ಕೆಲಸ. ಅದಕ್ಕೆ ಬೇಕಿದ್ದ ಶಕ್ತಿಯುತ ಆರ್ಫಿಯಸ್ ಎಂಜಿನ್ನಿನ ಅಭಿವೃದ್ಧಿಯನ್ನು ಬ್ರಿಟನ್ ನಿಲ್ಲಿಸಿತು. ಸಣ್ಣ ಎಂಜಿನ್ನುಗಳೇ ಗತಿಯಾದವು, ವೇಗ ಬರಲಿಲ್ಲ. ಮರುತ್ ಸೋತಿತೆಂದು ಬರೆಯುವವರು ಇಲ್ಲಿಗೇ ನಿಲ್ಲುತ್ತಾರೆ. ಆದರೆ ತಗ್ಗಿನಲ್ಲಿ ಸ್ಥಿರವಾಗಿ ಹಾರುವ, ಎರಡು ಎಂಜಿನ್ನಿನ, ಗಟ್ಟಿ ಮೈಯ ಆ ವಿಮಾನವನ್ನು ನೆಲದ ಗುರಿಗಳ ಮೇಲಿನ ದಾಳಿಗೆ ಬಳಸಿದರು. 1971ರ ಡಿಸೆಂಬರ್‌ನಲ್ಲಿ ರಾಜಸ್ಥಾನದ ಗಡಿಯಲ್ಲಿ ಅದು ಆ ಕೆಲಸವನ್ನು ಚೆನ್ನಾಗಿಯೇ ಮಾಡಿತು. ಒಟ್ಟು 147 ಮರುತ್‌ಗಳು ತಯಾರಾದವು.

ಬೆಂಗಳೂರಿನ ಹಳೆಯ ಏರ್‌ಪೋರ್ಟ್ ರಸ್ತೆಯಲ್ಲಿ ಎಚ್‌ಎಎಲ್‌ನ ವಿಮಾನ ವಸ್ತುಸಂಗ್ರಹಾಲಯವಿದೆ, 2001ರಲ್ಲಿ ಶುರುವಾದದ್ದು. ಮೈಸೂರಿನಿಂದ ಆ ಕಡೆ ಹೋಗುವವರು ಮಕ್ಕಳನ್ನು ಕರೆದುಕೊಂಡು ಒಮ್ಮೆ ಒಳಗೆ ಹೋಗಿಬನ್ನಿ. ಅಲ್ಲಿ ಒಂದು ಮರುತ್ ಇಟ್ಟಿದ್ದಾರೆ.