ಚೆಂಡೆಯೂ ಹೊಸ ಹಾಡೂ

ಕುಕ್ ಟೌನಿನ ನಮ್ಮ ಮನೆಯಲ್ಲಿ ಒಂದು ಸಂಜೆ ದೀಪ ಹಚ್ಚುವ ವೇಳೆಗೆ ಮೊಮ್ಮಗನ ಕೋಣೆಯಿಂದ ಗೋಡೆ ನಡುಗುವಂತಹ ಸದ್ದು ಹೊರಟಿತು. "ನಿಲ್ಲಿಸಪ್ಪಾ, ಇದೇನು ಗದ್ದಲ!" ಎಂದು ಗದರಿಸಿದೆನು. ಅವನು, "ತಾತ, ಒಂದು ಗಳಿಗೆ ಕೇಳಿ, ಇದು ಚೆಂಡೆ" ಎಂದನು. ಕಿವಿಗೊಟ್ಟೆನು, ದಿಟವೇ! ನಮ್ಮ ಕರಾವಳಿಯ ಯಕ್ಷಗಾನದಲ್ಲಿ ವೀರರಸಕ್ಕೆ ಜೀವ ತುಂಬುವ ಚೆಂಡೆಯ ಒಡಹುಟ್ಟಾದ ಕೇರಳದ ಚೆಂಡೆಯೇ ಅಲ್ಲಿ ಮೊಳಗುತ್ತಿತ್ತು.

ನನ್ನಂತಹ ಹಳಬರಾದ ವಾಚಕರಿಗೆ ಎರಡು ಮಾತು ಹೇಳಬೇಕು. ಹಿಪ್ ಹಾಪ್ ಎಂಬುದು 1970ರ ದಶಕದಲ್ಲಿ ನ್ಯೂಯಾರ್ಕಿನ ಬ್ರಾಂಕ್ಸ್ ಭಾಗದಲ್ಲಿ, ಬಡವರ ಕೇರಿಗಳಲ್ಲಿ ಹುಟ್ಟಿದ ಕಲೆ. ಇದರಲ್ಲಿ ಮಾತನ್ನು ರಾಗವಾಗಿ ಎಳೆಯದೆ ಲಯಕ್ಕೆ ಕಟ್ಟಿ ನುಡಿಯುವರು. ಆ ಲಯವನ್ನೂ ನಾದವನ್ನೂ ಹೊಸೆದುಕೊಡುವವನೇ ಪ್ರೊಡ್ಯೂಸರ್. ಹಣ ಹೂಡುವವನೆಂದು ತಿಳಿಯಬಾರದು. ಬೆಂಗಳೂರಿಗೆ ಈ ಕಲೆಯು ಅಪರಿಚಿತವೇನಲ್ಲ. ಇಲ್ಲಿಯವರೇ ಆದ ಬ್ರೋಧಾ ವಿ ಎಂಬವರು 2012ರಲ್ಲಿಯೇ ‘ಆತ್ಮ ರಾಮ’ ಎಂಬ ಕೃತಿಯಲ್ಲಿ ಇಂಗ್ಲಿಷ್ ನುಡಿಗಳ ನಡುವೆ ರಾಮಭಜನೆಯನ್ನು ಸೇರಿಸಿದ್ದರು.

ನಾನು ಅಂದು ಕೇಳಿದ ಹಾಡು ಹನುಮಾನ್‌ಕೈಂಡ್ ಎಂದು ಹೆಸರಿಟ್ಟುಕೊಂಡಿರುವ ಸೂರಜ್ ಚೆರುಕಾಟ್ ಅವರದು. ಇವರು ಕೇರಳದಲ್ಲಿ ಹುಟ್ಟಿ, ಅಮೆರಿಕದ ಹ್ಯೂಸ್ಟನ್ನಿನಲ್ಲಿ ಬೆಳೆದು, ಬೆಂಗಳೂರಿನಲ್ಲಿ ನೆಲಸಿ ಹಾಡುಗಾರಿಕೆಯನ್ನು ಕೈಗೊಂಡವರು. 2024ರ ಜುಲೈಯಲ್ಲಿ ಹೊರಬಂದ ಇವರ ‘ಬಿಗ್ ಡಾಗ್ಸ್’ ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯಲ್ಲಿ 23ನೆಯ ಸ್ಥಾನದವರೆಗೆ ಏರಿತು. ಅದರ ನಾದವನ್ನು ರಚಿಸಿದವರು ಕಲ್ಮಿ. ಮಂದ್ರಸ್ಥಾಯಿಯ ಗುಡುಗೇ ಅದರ ಬಲ.

ಲೋಕವು ಹೀಗೆ ಮೆಚ್ಚಿದ ಮೇಲೆ ಅದೇ ಅಚ್ಚಿನಲ್ಲಿ ಮತ್ತೊಂದನ್ನು ಎರಕ ಹೊಯ್ಯುವುದು ಸುಲಭವಲ್ಲವೆ? ಆದರೆ 2025ರ ಮಾರ್ಚಿಯಲ್ಲಿ ಈ ಇಬ್ಬರೂ ‘ರನ್ ಇಟ್ ಅಪ್’ ಎಂಬ ಹಾಡಿನೊಡನೆ ಮರಳಿದಾಗ ಚೆಂಡೆಯನ್ನು ಮುಂದಿಟ್ಟರು. ಅಲ್ಲಿ ಚೆಂಡೆಯು ಮೇಲೆ ತೊಡಿಸಿದ ಒಡವೆಯಲ್ಲ, ಹಾಡಿನ ಬೆನ್ನೆಲುಬು; ನುಡಿಯು ಅದನ್ನು ಹಿಂಬಾಲಿಸುವುದು. ಅದೇ ವರ್ಷದ ಜುಲೈಯಲ್ಲಿ ‘ಮಾನ್ಸೂನ್ ಸೀಸನ್’ ಎಂಬ ಗೀತಗುಚ್ಛವು ಪ್ರಕಟವಾಯಿತು.

ಈ ಹಾಡುಗಳಲ್ಲಿ ಹಿರಿಯರೆದುರು ಆಡಬಾರದ ಮಾತುಗಳೂ ಉಂಟು. ಅವನ್ನು ನಾನು ಮೆಚ್ಚಲಾರೆನು. ಆದರೂ ಒಂದು ಮಾತನ್ನು ಒಪ್ಪಿಕೊಳ್ಳಲೇಬೇಕು. ಒಂದು ವರ್ಷ ಮೆಚ್ಚುಗೆ ಪಡೆದ ಪಾಠವನ್ನು ಮೂವತ್ತು ವರ್ಷ ಅಕ್ಷರವೂ ಕದಲದಂತೆ ಒಪ್ಪಿಸಿದ ಉಪಾಧ್ಯಾಯನು ನಾನು. ಗೆದ್ದ ಮೇಲೂ ಹೊಸತನ್ನು ಅರಸುವ ಧೈರ್ಯ, ಅದನ್ನು ಅರಸುತ್ತ ತನ್ನ ಅಜ್ಜನ ಕಾಲದ ವಾದ್ಯದ ಬಳಿಗೆ ಬರುವ ವಿನಯ, ಇವೆರಡೂ ನನ್ನಲ್ಲಿರಲಿಲ್ಲ. ಮನೆಯ ಹಿರಿಯರು ಗದರಿಸುವ ಮೊದಲು ಒಂದು ಗಳಿಗೆ ಕೇಳುವುದು ಒಳಿತು.