ಸಾವನದುರ್ಗದಿಂದ ಬಿಳಿಗುಂಡ್ಲುವಿನವರೆಗೆ: ರಾಷ್ಟ್ರಗಳ ನಡುವಿನ ರಾಜಕಾರಣ

1791ರ ಡಿಸೆಂಬರ್ 21ರಂದು ಮಾಗಡಿ ಸೀಮೆಯ ಸಾವನದುರ್ಗ ಈಸ್ಟ್ ಇಂಡಿಯಾ ಕಂಪನಿಯ ಸೇನೆಯ ವಶವಾಯಿತು. ದಟ್ಟ ಕಾಡಿನ ನಡುವೆ ನಿಂತ ಆ ಬಂಡೆಯ ಕೋಟೆಯನ್ನು ಗೆಲ್ಲಲಾಗದು ಎಂಬ ಹೆಸರಿತ್ತು. ಅದೇ ತಿಂಗಳು ರಾಮಗಿರಿಯ ಕೋಟೆಯೂ ಬಿತ್ತು. ಬೆಂಗಳೂರಿನಿಂದ ಶ್ರೀರಂಗಪಟ್ಟಣಕ್ಕೆ ಹೊರಟ ಕಂಪನಿಯ ಗವರ್ನರ್ ಜನರಲ್ ಕಾರ್ನ್‌ವಾಲಿಸನಿಗೆ ದವಸ, ಮದ್ದುಗುಂಡು ಸಾಗಿಸುವ ದಾರಿ ನಿರಾತಂಕವಾಗಿರಬೇಕಿತ್ತು. ಅದಕ್ಕೆ ಈ ಗುಡ್ಡಗಳು ಅವನ ಕೈಯಲ್ಲಿರುವುದು ಅಗತ್ಯವಾಗಿತ್ತು. 1792ರ ಮಾರ್ಚ್‌ನಲ್ಲಿ ಮೈಸೂರಿನ ಟಿಪ್ಪು ಸುಲ್ತಾನ್ ಶ್ರೀರಂಗಪಟ್ಟಣದ ಒಪ್ಪಂದಕ್ಕೆ ಒಪ್ಪಿದ. ಅರ್ಧ ರಾಜ್ಯ ಹೋಯಿತು, 3 ಕೋಟಿ 30 ಲಕ್ಷ ರೂಪಾಯಿ ದಂಡ ಬಿತ್ತು, ಇಬ್ಬರು ಮಕ್ಕಳು ಒತ್ತೆಯಾಳುಗಳಾಗಿ ಹೋದರು.

ಈ ಯುದ್ಧದಲ್ಲಿ ಕಂಪನಿ ಒಂಟಿಯಾಗಿರಲಿಲ್ಲ. ಹೈದರಾಬಾದಿನ ನಿಜಾಮನೂ ಪುಣೆಯ ಪೇಶ್ವೆಯೂ 1790ರಲ್ಲಿ ಅದರ ಜೊತೆ ಒಪ್ಪಂದ ಮಾಡಿಕೊಂಡಿದ್ದರು. ಅದಕ್ಕೆ ಹತ್ತು ವರ್ಷ ಹಿಂದೆ ಇದೇ ನಿಜಾಮ, ಇದೇ ಮರಾಠರು ಟಿಪ್ಪುವಿನ ತಂದೆ ಹೈದರಾಲಿಯ ಜೊತೆ ಸೇರಿ ಕಂಪನಿಯ ವಿರುದ್ಧ ಕೂಟ ಕಟ್ಟಿದ್ದರು. ನಿನ್ನೆಯ ಮಿತ್ರ ಇಂದಿನ ಶತ್ರುವಾಗುವುದು ಏಕೆ? ಅಂತರರಾಷ್ಟ್ರೀಯ ಸಂಬಂಧಗಳ ಅಧ್ಯಯನ ಶುರುವಾಗುವುದೇ ಇಂಥ ಪ್ರಶ್ನೆಗಳಿಂದ.

ಮೇಲೆ ಯಾರೂ ಇಲ್ಲದ ಲೋಕ

ಇಬ್ಬರು ರೈತರು ಬದುವಿನ ವಿಚಾರಕ್ಕೆ ಜಗಳವಾಡಿದರೆ ತಹಶೀಲ್ದಾರರ ಕಚೇರಿಯಿದೆ, ನ್ಯಾಯಾಲಯವಿದೆ, ತೀರ್ಪನ್ನು ಜಾರಿಗೆ ತರಲು ಪೊಲೀಸರಿದ್ದಾರೆ. ರಾಷ್ಟ್ರಗಳ ಮೇಲೆ ಅಂಥ ಅಧಿಕಾರ ಯಾವುದೂ ಇಲ್ಲ. ಈ ಸ್ಥಿತಿಯನ್ನು ವಿದ್ವಾಂಸರು ‘ಅರಾಜಕತೆ’ ಎನ್ನುತ್ತಾರೆ. ತಲೆಯ ಮೇಲೆ ಒಡೆಯನಿಲ್ಲದಿರುವುದು ಎಂಬುದಷ್ಟೇ ಇಲ್ಲಿ ಅದರ ಅರ್ಥ, ಗಲಭೆ ಗೊಂದಲ ಎಂದಲ್ಲ. ಕಾಪಾಡುವವರು ಇಲ್ಲದ ಮೇಲೆ ಪ್ರತಿ ರಾಷ್ಟ್ರವೂ ತನ್ನ ಬಲವನ್ನೇ ನಂಬಬೇಕು, ಒಬ್ಬ ವಿಪರೀತ ಬೆಳೆದರೆ ಉಳಿದವರು ಒಟ್ಟಾಗಿ ತಡೆಯುತ್ತಾರೆ ಎನ್ನುವುದು ವಾಸ್ತವವಾದ. ಹ್ಯಾನ್ಸ್ ಮಾರ್ಗೆಂಥೌ 1948ರಲ್ಲಿ, ಕೆನೆತ್ ವಾಲ್ಟ್ಸ್ 1979ರಲ್ಲಿ ಇದಕ್ಕೆ ಆಧುನಿಕ ರೂಪ ಕೊಟ್ಟರು.

ಈ ಆಲೋಚನೆಯ ಹಳೆಯ ರೂಪವೊಂದು ಜಗತ್ತಿಗೆ ಮರಳಿ ಸಿಕ್ಕಿದ್ದು ಮೈಸೂರಿನಲ್ಲಿ. ಓರಿಯೆಂಟಲ್ ಲೈಬ್ರರಿಯಲ್ಲಿದ್ದ ಆರ್. ಶಾಮಶಾಸ್ತ್ರಿಗಳು 1905ರಲ್ಲಿ ತಾಳೆಗರಿಯ ಕಟ್ಟೊಂದರಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿ 1909ರಲ್ಲಿ ಪ್ರಕಟಿಸಿದರು. ಗಡಿಗೆ ಅಂಟಿದ ಅರಸ ಸಹಜ ಶತ್ರು, ಅವನ ಆಚೆಯ ಅರಸ ಸಹಜ ಮಿತ್ರ ಎಂಬ ಮಂಡಲ ಸಿದ್ಧಾಂತ ಅದರಲ್ಲಿದೆ. ನಿಜಾಮನಿಗೂ ಪೇಶ್ವೆಗೂ ಟಿಪ್ಪು ಗಡಿಯಾಚೆಯ ನೆರೆಯವನು. ಮರಾಠರು 1787ರವರೆಗೂ ಅವನೊಡನೆ ಕಾದಾಡಿದ್ದರು. ಟಿಪ್ಪುವೂ ದೂರದ ಮಿತ್ರರನ್ನು ಹುಡುಕಿದ. ಅವನ ರಾಯಭಾರಿಗಳು ಕಾನ್‌ಸ್ಟಾಂಟಿನೋಪಲ್‌ಗೆ ಹೋದರು, 1788ರಲ್ಲಿ ಫ್ರಾನ್ಸಿನ 16ನೇ ಲೂಯಿಯನ್ನು ಕಂಡರು. ನೆರವು ಬರಲಿಲ್ಲ. ಹತ್ತಿರದ ಬೆದರಿಕೆಗೆ ಹೆದರಿ ದೂರದ ಬಲಶಾಲಿಯ ಕೈಹಿಡಿದವರ ಕಥೆಯೂ ಸುಖಾಂತವಾಗಲಿಲ್ಲ. ನಿಜಾಮ 1798ರಲ್ಲಿ ಸಹಾಯಕ ಸೈನ್ಯ ಪದ್ಧತಿಗೆ ತಲೆಬಾಗಿದ, ಪೇಶ್ವೆಯ ಆಡಳಿತ 1818ರಲ್ಲಿ ಕೊನೆಗೊಂಡಿತು.

ಗೂಡಿನ ಧಾರಣೆಯೂ ಚೀನಾದ ನೂಲೂ

ಕೋಟೆ, ಸೇನೆಗಳಿಗೆ ವಾಸ್ತವವಾದ ಚೆನ್ನಾಗಿ ಹೊಂದುತ್ತದೆ. ಆದರೆ 2011ರಲ್ಲಿ ರಾಮನಗರದ ರೈತನಿಗೆ ಬಿದ್ದ ಪೆಟ್ಟಿಗೆ ಯಾವ ಸೈನಿಕನೂ ಕಾರಣನಲ್ಲ. ಆ ವರ್ಷದ ಕೇಂದ್ರ ಬಜೆಟ್ ಕಚ್ಚಾ ರೇಷ್ಮೆಯ ಆಮದು ಸುಂಕವನ್ನು ಶೇ. 30ರಿಂದ ಶೇ. 5ಕ್ಕೆ ಇಳಿಸಿತು. ಜಗತ್ತಿನಲ್ಲಿ ಅತಿ ಹೆಚ್ಚು ರೇಷ್ಮೆ ಬೆಳೆಯುವ ದೇಶ ಚೀನಾ. ಅಲ್ಲಿನ ನೂಲು ಅಗ್ಗವಾಗಿ ಬರುವಂತಾದಾಗ ಏಷ್ಯಾದಲ್ಲೇ ದೊಡ್ಡದೆಂದು ಹೆಸರಾದ ರಾಮನಗರದ ಗೂಡಿನ ಮಾರುಕಟ್ಟೆಯಲ್ಲಿ ಧಾರಣೆ ಕುಸಿಯಿತು, ರೈತರು ಬೀದಿಗಿಳಿದರು. 2013ರಲ್ಲಿ ಸುಂಕ ಮತ್ತೆ ಶೇ. 15ಕ್ಕೆ ಏರಿತು.

ದೇಶಗಳು ಹೀಗೆ ಒಂದಕ್ಕೊಂದು ಹೆಣೆದುಕೊಂಡಿರುವುದನ್ನು ರಾಬರ್ಟ್ ಕೊಹೇನ್ ಮತ್ತು ಜೋಸೆಫ್ ನೈ 1977ರ ತಮ್ಮ ಪುಸ್ತಕದಲ್ಲಿ ‘ಪರಸ್ಪರಾವಲಂಬನೆ’ ಎಂದು ಕರೆದು, ಎರಡು ಅಳತೆಗಳನ್ನು ಮುಂದಿಟ್ಟರು. ಹೊರಗಿನ ಬದಲಾವಣೆ ಎಷ್ಟು ಬೇಗ ತಟ್ಟುತ್ತದೆ ಎಂಬುದು ಒಂದು. ತಟ್ಟಿದ ಮೇಲೆ ಬೇರೆ ದಾರಿ ಹಿಡಿಯಲು ಎಷ್ಟು ಕಷ್ಟ ಎಂಬುದು ಇನ್ನೊಂದು. ರೇಷ್ಮೆ ಬೆಳೆಗಾರ ಎರಡರಲ್ಲೂ ಸಿಕ್ಕಿಕೊಂಡಿದ್ದಾನೆ. ಹುಳು ಗೂಡು ಕಟ್ಟುವ ಚಂದ್ರಿಕೆಯಿಂದ ಬಿಡಿಸಿದ ಗೂಡನ್ನು ಅವನು ಒಳ್ಳೆಯ ಬೆಲೆ ಬರಲೆಂದು ಮನೆಯಲ್ಲಿ ಇಟ್ಟುಕೊಳ್ಳಲಾರ. ಕೆಲವೇ ದಿನಗಳಲ್ಲಿ ಚಿಟ್ಟೆ ಗೂಡು ಸೀಳಿ ಹೊರಬಂದರೆ ಎಳೆ ತುಂಡಾಗಿ ನೂಲು ಬಿಚ್ಚಲು ಬಾರದು. ಹಿಪ್ಪುನೇರಳೆ ತೋಟವೋ ವರ್ಷಾನುಗಟ್ಟಲೆ ನಿಲ್ಲುವ ಬಂಡವಾಳ, ಒಂದು ಬೆಳೆ ನಷ್ಟವಾಯಿತೆಂದು ಕಿತ್ತು ಹಾಕುವಂಥದಲ್ಲ.

ಇಲ್ಲಿ ‘ಭಾರತದ ಹಿತ’ ಎಂಬುದೂ ಒಂದೇ ಆಗಿರಲಿಲ್ಲ. ರೈತರು ಹೆಚ್ಚು ಸುಂಕ ಕೇಳಿದರೆ, ಆಮದು ನೂಲನ್ನು ನೆಚ್ಚಿದ ವಾರಾಣಸಿಯಂಥ ಕಡೆಯ ನೇಕಾರರಿಗೆ ಅದು ಅಗ್ಗವಾಗಿ ಸಿಗಬೇಕಿತ್ತು. ರಾಷ್ಟ್ರವನ್ನು ಒಂದೇ ಮನಸ್ಸಿನ ವ್ಯಕ್ತಿಯಂತೆ ನೋಡಬಾರದು, ಒಳಗಿನ ಗುಂಪುಗಳ ಹಗ್ಗಜಗ್ಗಾಟವೇ ವಿದೇಶ ನೀತಿಯನ್ನು ರೂಪಿಸುತ್ತದೆ ಎಂದು ಉದಾರವಾದ ಹೇಳುವುದು ಇದನ್ನೇ.

ಚನ್ನಪಟ್ಟಣದ ಗೊಂಬೆಗೂ ಇಂಥದೇ ಚರಿತ್ರೆಯಿದೆ. ಆಲೆ ಮರವನ್ನು ಕಡೆದು ಅರಗಿನ ಬಣ್ಣ ಹಚ್ಚುವ ಈ ಕಸುಬಿಗೆ ಪರ್ಷಿಯಾದ ನಂಟಿದೆ ಎನ್ನುತ್ತಾರೆ. 20ನೇ ಶತಮಾನದ ಆರಂಭದಲ್ಲಿ ಬಾವಾಸ್ ಮಿಯಾ ಜಪಾನಿನ ಕುಸುರಿಯಿಂದ ಕಲಿತದ್ದನ್ನು ಇದಕ್ಕೆ ಸೇರಿಸಿದರು. ಹೊರಗಿನಿಂದ ಬಂದ ಜಾಣ್ಮೆ ಊರಿನದೇ ಆಗಿ 2005-06ರಲ್ಲಿ ಭೌಗೋಳಿಕ ಸೂಚಕದ ಮನ್ನಣೆ ಪಡೆಯಿತು. ಅದೇ ಹೊತ್ತಿಗೆ ಚೀನಾದ ಪ್ಲಾಸ್ಟಿಕ್ ಆಟಿಕೆಗಳು ಅಂಗಡಿಗಳನ್ನು ತುಂಬಿದವು. ಕೇಂದ್ರ ಸರ್ಕಾರ 2020ರಲ್ಲಿ ಆಟಿಕೆಗಳ ಸುಂಕವನ್ನು ಶೇ. 20ರಿಂದ 60ಕ್ಕೆ, 2023ರಲ್ಲಿ 70ಕ್ಕೆ ಏರಿಸಿತು. 2021ರ ಜನವರಿಯಿಂದ ಗುಣಮಟ್ಟದ ಮುದ್ರೆಯನ್ನೂ ಕಡ್ಡಾಯ ಮಾಡಿತು. ಗೊಂಬೆಗೆ ಇನ್ನೊಂದು ಬಲವೂ ಇದೆ. 2010ರಲ್ಲಿ ದೆಹಲಿಗೆ ಬಂದಿದ್ದ ಮಿಶೆಲ್ ಒಬಾಮ ಚನ್ನಪಟ್ಟಣದ ಗೊಂಬೆಗಳನ್ನು ಕೊಂಡಾಗ ಅದು ಸುದ್ದಿಯಾಯಿತು. ಒತ್ತಾಯವಿಲ್ಲದೆ, ಮೆಚ್ಚುಗೆಯಿಂದ ಮನಸ್ಸನ್ನು ಸೆಳೆಯುವ ಈ ಸಾಮರ್ಥ್ಯಕ್ಕೆ ಜೋಸೆಫ್ ನೈ ಇಟ್ಟ ಹೆಸರು ‘ಮೃದುಶಕ್ತಿ’.

ಮೇಕೆದಾಟು: ಭಯ, ಗುರುತು, ಅಳತೆ

ಕನಕಪುರ ತಾಲ್ಲೂಕಿನ ಸಂಗಮದಲ್ಲಿ ಅರ್ಕಾವತಿ ಕಾವೇರಿಯನ್ನು ಸೇರುತ್ತದೆ. ಅಲ್ಲಿಂದ ತುಸು ಕೆಳಗೆ ಮೇಕೆದಾಟು. ಬೆಂಗಳೂರಿಗೆ ಕುಡಿಯುವ ನೀರು, 400 ಮೆಗಾವಾಟ್ ವಿದ್ಯುತ್ ಎಂದು ಕರ್ನಾಟಕ ಅಲ್ಲಿ 67.16 ಟಿಎಂಸಿ ಅಡಿಯ ಜಲಾಶಯವನ್ನು ಯೋಜಿಸಿದೆ. ತಮಿಳುನಾಡಿಗೆ ಅದೇ ಜಲಾಶಯ ತನ್ನ ನೀರಿಗೆ ಬೀಳುವ ಬೀಗದಂತೆ ಕಾಣುತ್ತದೆ. ಒಬ್ಬರು ತಮ್ಮ ರಕ್ಷಣೆಗೆಂದು ಇಟ್ಟ ಹೆಜ್ಜೆ ಇನ್ನೊಬ್ಬರಿಗೆ ಬೆದರಿಕೆಯಾಗುವುದನ್ನು ಜಾನ್ ಹರ್ಜ್ 1950ರಲ್ಲಿ ‘ಭದ್ರತಾ ಇಕ್ಕಟ್ಟು’ ಎಂದು ವಿವರಿಸಿದ. ಅವನು ಬರೆದದ್ದು ರಾಷ್ಟ್ರಗಳ ಬಗ್ಗೆ. ಒಂದೇ ಒಕ್ಕೂಟದ ಎರಡು ರಾಜ್ಯಗಳ ನಡುವೆಯೂ ಅದರ ಎಳೆಗಳು ಕಾಣುತ್ತವೆ.

ಹಳೆಯ ಒಪ್ಪಂದಗಳಲ್ಲಿ ಬಲಾಬಲದ ಗುರುತಿದೆ. 1892ರ ಒಪ್ಪಂದದಂತೆ ಮೈಸೂರು ಸಂಸ್ಥಾನ ಮದ್ರಾಸಿನ ಸಮ್ಮತಿಯಿಲ್ಲದೆ ಮುಖ್ಯ ನದಿಗಳಿಗೆ ಹೊಸ ಅಣೆಕಟ್ಟು ಕಟ್ಟುವಂತಿರಲಿಲ್ಲ. ಬ್ರಿಟಿಷರ ಅಧೀನದಲ್ಲಿದ್ದಾಗ ಆದ ಈ ಒಪ್ಪಂದಕ್ಕೂ 1924ರ ಒಪ್ಪಂದಕ್ಕೂ ತಾನು ಬದ್ಧವಾಗಬೇಕಿಲ್ಲ ಎಂದು ಕರ್ನಾಟಕ ವಾದಿಸಿತು. ಸುಪ್ರೀಂ ಕೋರ್ಟ್ 2018ರ ಫೆಬ್ರುವರಿ 16ರ ತೀರ್ಪಿನಲ್ಲಿ ಆ ವಾದವನ್ನು ಒಪ್ಪಲಿಲ್ಲ. 1924ರ ಒಪ್ಪಂದದ ಅವಧಿ 50 ವರ್ಷಕ್ಕೆ, ಅಂದರೆ 1974ಕ್ಕೆ ಮುಗಿಯಿತು ಎಂದು ಮಾತ್ರ ಹೇಳಿತು.

ಮಳೆ ಚೆನ್ನಾಗಿ ಬಂದ ವರ್ಷ ಪಾಲಿಗಿಂತ ಹೆಚ್ಚು ನೀರು ಹರಿದರೂ ಯಾರೂ ಲೆಕ್ಕ ಕೇಳುವುದಿಲ್ಲ. ಬರದ ವರ್ಷ ಅದೇ ನೀರು ಮಾನದ ಪ್ರಶ್ನೆಯಾಗುತ್ತದೆ. 2016ರಲ್ಲಿ ಬೆಂಗಳೂರು ಇದನ್ನು ಬೆಂಕಿಯಲ್ಲಿ ಕಂಡಿತು. ಬೆದರಿಕೆ ಎಂಬುದು ಅಂಕಿಗಳಲ್ಲಷ್ಟೇ ಇರುವುದಿಲ್ಲ. ನಾವು ಯಾರು, ಅವರು ಯಾರು ಎಂಬ ಭಾವನೆಯಿಂದಲೂ ಹುಟ್ಟುತ್ತದೆ ಎನ್ನುವುದು ರಚನಾವಾದ. ಅರಾಜಕತೆಯ ಸ್ವರೂಪವೂ ರಾಷ್ಟ್ರಗಳೇ ಮಾಡಿಕೊಂಡದ್ದು ಎಂದು ಅಲೆಕ್ಸಾಂಡರ್ ವೆಂಟ್ 1992ರಲ್ಲಿ ವಾದಿಸಿದ. ಹಾಗಿದ್ದರೆ ಅದನ್ನು ಬದಲಿಸಲೂ ಬರುತ್ತದೆ. 2003ರಲ್ಲಿ ಎರಡೂ ರಾಜ್ಯಗಳ ರೈತರು ‘ಕಾವೇರಿ ಕುಟುಂಬ’ ಎಂಬ ಹೆಸರಿನಲ್ಲಿ ಒಟ್ಟಿಗೆ ಕೂತು, ಪರಸ್ಪರರ ಹೊಲಗಳನ್ನು ನೋಡಿಬಂದದ್ದು ಅಂಥ ಪ್ರಯತ್ನ. ವಿವಾದ ಬಗೆಹರಿಯಲಿಲ್ಲ. ಆದರೂ ಎದುರು ದಡದ ರೈತನ ಕಷ್ಟ ಕಣ್ಣಿಗೆ ಬಿತ್ತು, ಇದು ಸಣ್ಣ ಸಾಧನೆಯಲ್ಲ.

ಇನ್ನೊಂದು ದಾರಿ ಸಂಸ್ಥೆಗಳದ್ದು. ಗಡಿಯ ಬಿಳಿಗುಂಡ್ಲುವಿನಲ್ಲಿ ಕೇಂದ್ರ ಜಲ ಆಯೋಗದ ಮಾಪನ ಕೇಂದ್ರವಿದೆ. ತೀರ್ಪಿನಂತೆ ಸಾಮಾನ್ಯ ಮಳೆಯ ವರ್ಷದಲ್ಲಿ 177.25 ಟಿಎಂಸಿ ಅಡಿ ಹರಿಯಿತೇ ಎಂಬುದು ಅಲ್ಲಿ ಗೊತ್ತಾಗುತ್ತದೆ. 2018ರ ಜೂನ್‌ನಲ್ಲಿ ರಚನೆಯಾದ ಕಾವೇರಿ ನೀರು ನಿರ್ವಹಣಾ ಪ್ರಾಧಿಕಾರ ಆ ಅಂಕಿ ಹಿಡಿದು ಮಾತಾಡುತ್ತದೆ. ಎರಡೂ ಕಡೆಯವರು ನಂಬುವ ಮಾಹಿತಿ ಇದ್ದರೆ ಸಂಶಯ ತಗ್ಗುತ್ತದೆ, ಸಹಕಾರ ಸಾಧ್ಯವಾಗುತ್ತದೆ ಎಂದು ಕೊಹೇನ್ 1984ರಲ್ಲಿ ಹೇಳಿದ್ದ.

ಕಾವೇರಿಗೆ ಸುಪ್ರೀಂ ಕೋರ್ಟ್ ಇದೆ. ದೇಶದ ಗಡಿ ದಾಟುವ ನದಿಗಳಿಗೆ ಅಂಥ ಆಸರೆ ಇಲ್ಲ. ನ್ಯಾಯೋಚಿತ ಹಂಚಿಕೆಯನ್ನು ಸಾರಿದ 1966ರ ಹೆಲ್ಸಿಂಕಿ ನಿಯಮಗಳ ತತ್ವ ಕಾವೇರಿ ತೀರ್ಪಿಗೆ ಆಧಾರವಾಯಿತು. ಆದರೆ ರಾಷ್ಟ್ರಗಳ ಮೇಲೆ ಅದನ್ನು ಹೇರುವವರಿಲ್ಲ. ಮೂರು ಯುದ್ಧಗಳನ್ನು ದಾಟಿ ಬಂದ, ಪಾಕಿಸ್ತಾನದೊಂದಿಗಿನ 1960ರ ಸಿಂಧೂ ಜಲ ಒಪ್ಪಂದವನ್ನು ಪಹಲ್ಗಾಮ್ ದಾಳಿಯ ಬಳಿಕ, 2025ರ ಏಪ್ರಿಲ್‌ನಲ್ಲಿ, ಭಾರತ ಅಮಾನತಿನಲ್ಲಿಟ್ಟಿತು. ಬ್ರಹ್ಮಪುತ್ರದ ಬಗ್ಗೆ ಭಾರತ-ಚೀನಾ ನಡುವೆ ನೀರು ಹಂಚಿಕೆಯ ಒಪ್ಪಂದವೇ ಇಲ್ಲ. ಇದ್ದದ್ದು ಮಳೆಗಾಲದ ಹರಿವಿನ ಮಾಹಿತಿ ಕೊಡುವ 2002ರ ತಿಳಿವಳಿಕೆ ಪತ್ರ. 2017ರಲ್ಲಿ, ಡೋಕ್ಲಾಮ್‌ನಲ್ಲಿ ಎರಡೂ ಸೇನೆಗಳು ಮುಖಾಮುಖಿ ನಿಂತ ವರ್ಷ, ಚೀನಾದಿಂದ ಆ ಮಾಹಿತಿ ಬರಲಿಲ್ಲ. 2023ರಲ್ಲಿ ಪತ್ರದ ಅವಧಿಯೇ ಮುಗಿಯಿತು. ಕೆಳದಂಡೆಯ ತಂಜಾವೂರಿನ ರೈತನಿಗೆ ಬಿಳಿಗುಂಡ್ಲುವಿನ ಅಂಕಿಯಾದರೂ ಸಿಗುತ್ತದೆ. ಬ್ರಹ್ಮಪುತ್ರದ ಕೆಳದಂಡೆಯ ಅಸ್ಸಾಮಿನ ರೈತನಿಗೆ ಟಿಬೆಟ್ಟಿನಲ್ಲಿ ಎಷ್ಟು ನೀರು ಏರಿತೆಂಬ ಸುದ್ದಿ ತಲುಪುವುದೇ ಎಂಬುದು ಬೀಜಿಂಗ್ ಮತ್ತು ದೆಹಲಿಯ ಸಂಬಂಧ ಆ ವರ್ಷ ಹೇಗಿದೆ ಎಂಬುದನ್ನು ಅವಲಂಬಿಸಿದೆ.