ಮುಲೂದ್ ಮಮ್ಮೆರಿ: ತಡೆದ ಉಪನ್ಯಾಸ, ಎದ್ದ ನಾಡು

1980ರ ಮಾರ್ಚ್ 10. ಅಲ್ಜೀರಿಯಾದ ತಿಜಿ ಉಜೂ ವಿಶ್ವವಿದ್ಯಾಲಯದಲ್ಲಿ ಅಲ್ಲಿನ ಬೆರ್ಬರ್ ಜನರಾದ ಕಬೈಲರ ಹಳೆಯ ಕಾವ್ಯದ ಬಗ್ಗೆ ಒಂದು ಉಪನ್ಯಾಸ ನಡೆಯಬೇಕಿತ್ತು. ಕಾವ್ಯದ ಬಗ್ಗೆ, ಅಷ್ಟೇ! ಅಧಿಕಾರಿಗಳು ಅದನ್ನೂ ತಡೆದರು. ವಿದ್ಯಾರ್ಥಿಗಳು ಬೀದಿಗಿಳಿದರು. ಏಪ್ರಿಲ್ ಹೊತ್ತಿಗೆ ಕಬೀಲಿಯಾ ಸೀಮೆಯೇ ಎದ್ದು ನಿಂತಿತು. ಅದೇ 'ಬೆರ್ಬರ್ ವಸಂತ'.

ಅಂದು ಮಾತಾಡಬೇಕಿದ್ದವರು ಮುಲೂದ್ ಮಮ್ಮೆರಿ. 1917ರಲ್ಲಿ ಅದೇ ಸೀಮೆಯ ಗುಡ್ಡದ ಹಳ್ಳಿಯೊಂದರಲ್ಲಿ ಹುಟ್ಟಿದವರು. ಫ್ರೆಂಚಿನಲ್ಲಿ ಬರೆದ ಅವರ ಮೊದಲ ಕಾದಂಬರಿ 1952ರಲ್ಲಿ ಬಂತು. ಸ್ವಾತಂತ್ರ್ಯ ಯುದ್ಧದ ಕುರಿತ 1965ರ ಕಾದಂಬರಿ ಸಿನಿಮಾವೂ ಆಯಿತು.

ಆದರೆ ಕಾದಂಬರಿಗಳಿಗಿಂತ ದೊಡ್ಡ ಕೆಲಸ ಇನ್ನೊಂದಿದೆ ಅಂತ ನನಗನಿಸುತ್ತೆ. ಬಾಯಿಂದ ಬಾಯಿಗೆ ಮಾತ್ರ ಉಳಿದಿದ್ದ, ಹಿರಿಯರೊಂದಿಗೆ ಮಣ್ಣಾಗಲಿದ್ದ ಪದ್ಯಗಳನ್ನು ಅವರು ಕಲೆಹಾಕಿದರು. ಅಲೆಮಾರಿ ಕವಿ ಸಿ ಮೊಹಾಂದ್ ಅವರ ಪದ್ಯಗಳನ್ನು 1969ರಲ್ಲಿ ಪುಸ್ತಕ ಮಾಡಿದರು. ಆಗ ಶಾಲೆಯಲ್ಲಿ ಜಾಗವಿಲ್ಲದಿದ್ದ ತಮ್ಮ ತಾಯಿನುಡಿ, ಅಂದರೆ ಬೆರ್ಬರರ ತಮಜಿಗ್ತ್‌ಗೆ ಅದೇ ನುಡಿಯಲ್ಲಿ ವ್ಯಾಕರಣ ಬರೆದರು. ಪ್ಯಾರಿಸ್‌ನಲ್ಲಿ ಸಂಶೋಧನಾ ಕೇಂದ್ರ ಕಟ್ಟಿ, 'ಅವಾಲ್' ಎಂಬ ಪತ್ರಿಕೆಯನ್ನೂ ಶುರುಮಾಡಿದರು.

1989ರ ಫೆಬ್ರವರಿಯಲ್ಲಿ ಮೊರಾಕ್ಕೊದಿಂದ ಮರಳುವಾಗ ಕಾರು ಅಪಘಾತದಲ್ಲಿ ತೀರಿಕೊಂಡರು. 2016ರಲ್ಲಿ ತಮಜಿಗ್ತ್ ಅಲ್ಜೀರಿಯಾದ ಅಧಿಕೃತ ಭಾಷೆಯಾಯಿತು. ಅದನ್ನು ನೋಡಲು ಮಮ್ಮೆರಿ ಇರಲಿಲ್ಲ.